ಸೋಲಾರಿಗೆ ಹೂಂ ಅಂದ ಹಲ್ಲಿ

ಶಂಭುಲಿಂಗಪ್ಪನ ಮನೆಯ ಹಜಾರದಲ್ಲಿ, ಟ್ಯೂಬ್‌ಲೈಟಿನ ಹಿಂದೆ ಒಂದು ಹಲ್ಲಿ ಬಿಡಾರ ಹೂಡಿತ್ತು. ದೀಪಕ್ಕೆ ಮುತ್ತುವ ಹುಳುವೇ ಅದರ ಊಟ. ಕರೆಂಟು ಹೋದ ಸಂಜೆ ಉಪವಾಸ.

ಒಂದು ಸಂಜೆ ಶಂಭುಲಿಂಗಪ್ಪ ಹೆಂಡತಿಗೆ ಹೇಳಿದ. "ಮಹಡಿ ಮೇಲೆ ಸೋಲಾರ್ ಹಾಕ್ಸಿದ್ರೆ ಬ್ಯಾಟರಿ ಸೇರಿ ಮೂರು ಲಕ್ಷವಂತೆ. ಆಮೇಲೆ ಕರೆಂಟು ಹೋಗೋ ಮಾತೇ ಇಲ್ಲ. ಹಾಕ್ಸೋಣ್ವಾ?"

ಹಲ್ಲಿಯ ಬಾಯಲ್ಲಿ ನೀರೂರಿತು. ತಾನು ಲೊಚಗುಟ್ಟಿದರೆ ಈ ಮನೆಯಲ್ಲಿ ಅದೇ ಕೊನೆಯ ಮಾತು ಎಂದು ಅದಕ್ಕೆ ಗೊತ್ತಿತ್ತು.

"ಅಕ್ಕಾ, ತಡಿ," ಅಂದಿತು ಮೂಲೆಯ ಜೇಡ. "ಅವರು ಹೇಳಿದ್ದು ಹಾಕಿಸೋ ಖರ್ಚು ಮಾತ್ರ. ಅದರ ಹಿಂದೆ ಮನೆಗೆ ಇನ್ನೇನೇನು ಬರುತ್ತೋ ಹೇಳಿಲ್ಲ."

"ಖರ್ಚು ಅವರದು, ಊಟ ನನ್ನದು. ನಿನಗ್ಯಾಕೋ ಹೊಟ್ಟೆಯುರಿ?" ಎಂದು ಹಲ್ಲಿ ಲೊಚಲೊಚ ಲೊಚಗುಟ್ಟಿತು.

"ಕೃಷ್ಣ ಕೃಷ್ಣ! ಹಲ್ಲಿ ನುಡೀತು, ಹಾಕ್ಸಿಬಿಡಿ," ಎಂದು ಹೆಂಡತಿ ಅಂಬಕ್ಕ ಬೆರಳಿನಿಂದ ನೆಲ ಕುಟ್ಟಿದಳು.

ಸೋಲಾರ್ ಬಂತು. ಕರೆಂಟು ಪುಕ್ಕಟೆಯಾದ ಮೇಲೆ ಸೆಕೆ ಯಾಕೆ ತಡೀಬೇಕು ಅಂತ ಹಜಾರಕ್ಕೆ ಏಸಿ ಬಂತು. ತಂಪು ಹೊರಗೆ ಹೋಗದಂತೆ ಕಿಟಕಿಗಳನ್ನು ಮುಚ್ಚಿದರು. ಟ್ಯೂಬ್‌ಲೈಟು ಒಂದು ದಿನವೂ ಆರಲಿಲ್ಲ. ಹುಳು ಒಂದೂ ಒಳಗೆ ಬರಲಿಲ್ಲ.

ಬಡಕಲಾದ ಹಲ್ಲಿ ಮಲಗುವ ಕೋಣೆಗೆ ವಲಸೆ ಹೋಯಿತು. ಮನೆಯಲ್ಲಿ ಇನ್ನೂ ತೆರೆದಿದ್ದ ಕಿಟಕಿ ಅಲ್ಲಿಯದೊಂದೇ.

ವಾರದೊಳಗೆ ಶಂಭುಲಿಂಗಪ್ಪ ಅಲ್ಲಿ ನಿಂತು ಕೇಳಿದ. "ಇಲ್ಲಿಗೂ ಒಂದು ಏಸಿ ಹಾಕ್ಸೋಣ್ವಾ?"

ಇಬ್ಬರೂ ಗೋಡೆಯ ಕಡೆ ನೋಡಿದರು. ಹಲ್ಲಿ ಬಾಯಿಗೆ ಬೀಗ ಹಾಕಿಕೊಂಡು ಕೂತಿತು. ಬಾಲವನ್ನೂ ಅಲ್ಲಾಡಿಸಲಿಲ್ಲ.

"ಹಾಕ್ಸಿ," ಅಂದಳು ಅಂಬಕ್ಕ. "ಹಲ್ಲಿಯೂ ಬೇಡ ಅನ್ನಲಿಲ್ಲ."