ಪರದೆಯ ಮನೆತನ

ಜರ್ಮನ್ ನಾಡಿನ ಡ್ರೋಸ್ಟನ್‌ಫೆಲ್ಸ್ ಕೋಟೆಯ ಸಭಾಂಗಣದಲ್ಲಿ, ದೊರೆಮನೆತನದ ಪೂರ್ವಿಕರೆಲ್ಲರನ್ನೂ ಉಣ್ಣೆಯಲ್ಲಿ ನೇಯ್ದ ಪರದೆಯೊಂದು ತೂಗುತ್ತಿತ್ತು. ಅದರಲ್ಲಿ ವಾಸವಾಗಿದ್ದ ಮುದಿ ನುಸಿಗೆ ಮದುವೆಯ ವಯಸ್ಸಿನ ಮಗಳಿದ್ದಳು. ಲಾಯದ ಕತ್ತೆಯ ಕಂಬಳಿಯಲ್ಲಿ ಹುಟ್ಟಿ ಬೆಳೆದ ತರುಣ ನುಸಿಯೊಂದು ಹೆಣ್ಣು ಕೇಳಲು ಬಂದಿತು.

"ಕಂಬಳಿಯವರಿಗೆ ನಾವು ಹೆಣ್ಣು ಕೊಡುವುದಿಲ್ಲಪ್ಪ," ಎಂದಿತು ಮುದಿ ನುಸಿ. "ನಮ್ಮದು ದೊರೆಗಳನ್ನು ಉಂಡು ಬೆಳೆದ ವಂಶ. ನಮ್ಮ ಮುತ್ತಜ್ಜ ಮೂಲಪುರುಷನ ಗಡ್ಡವನ್ನು ತಿಂದವರು. ನಮ್ಮ ತಂದೆಯವರು ಯುದ್ಧ ಗೆದ್ದ ದೊರೆಯನ್ನು ಕತ್ತಿಸಮೇತ ಮುಗಿಸಿದರು."

"ತಾವು, ಅಮ್ಮನವರೇ?"

"ನಾನು ಈ ಮನೆತನದ ಇಬ್ಬರು ಬಿಷಪ್ಪರನ್ನು ಜೀರ್ಣಿಸಿಕೊಂಡಿದ್ದೇನೆ."

"ಸಂತೋಷ. ಮೊಮ್ಮಕ್ಕಳ ಪಾಲಿಗೆ ಯಾರು ಉಳಿದಿದ್ದಾರೆ?"

ಮುದಿ ನುಸಿ ಪರದೆಯನ್ನು ಮೇಲಿನಿಂದ ಕೆಳಗಿನವರೆಗೆ ನೋಡಿತು. ಕೊನೆಯ ದೊರೆಯ ಎಡಗಾಲಿನ ಬೂಟೊಂದೇ ಉಳಿದಿತ್ತು; ಅದಕ್ಕೂ ಹಿಮ್ಮಡಿ ಇರಲಿಲ್ಲ. ಮುದಿ ನುಸಿಯ ಹೊಟ್ಟೆ ಹಸಿವಿನಿಂದ ಚುರುಗುಟ್ಟಿತು.

"ಮಗಳನ್ನು ಕೊಟ್ಟೆ," ಎಂದಿತು. "ಆದರೆ ಅವಳಿಗೆ ಬುದ್ಧಿ ಹೇಳಲು ನಾನೂ ಜೊತೆಗೆ ಬರಬೇಕಾಗುತ್ತದೆ."

ಲಾಯಕ್ಕೆ ಬಂದು, ಕಂಬಳಿಯ ಮೊದಲ ತುತ್ತನ್ನು ನುಂಗಿದ ಮುದಿ ನುಸಿ ಗಂಭೀರವಾಗಿ ನುಡಿಯಿತು: "ನೋಡಿದೆಯಾ ಮಗಳೇ, ಈ ಕತ್ತೆಯೂ ಬಹಳ ಹಳೆಯ ಮನೆತನದ್ದೇ."