ಮರಳ ಮೇಲೆ ಗೀಚಿದ ಯಾಟ್

ಅಘನಾಶಿನಿ ನದಿ ಕಡಲು ಸೇರುವ ಕಡೆ ಒಂದು ಪುಟ್ಟ ಆಶ್ರಮ. ಅಲ್ಲಿ ಚಿದ್ಘನ ಗುರುಗಳು. ವಯಸ್ಸು ಎಂಬತ್ತು, ಮಂಡಿ ನೋವು, ನಾಲಿಗೆ ಮಾತ್ರ ಬಲು ಚುರುಕು.

ಅವರಿಗೊಂದು ಆಸೆಯಿತ್ತು. ಕಾರವಾರದಿಂದ ಮಂಗಳೂರಿನವರೆಗೆ ನಮ್ಮ ಕರಾವಳಿಯನ್ನು ಒಮ್ಮೆ ನೀರಿನ ಮೇಲಿಂದ ನೋಡಬೇಕು.

ಶಿಷ್ಯ ವಾಮನ ಐಸ್ ಫ್ಯಾಕ್ಟರಿ ನಡೆಸಿ ಅನುಕೂಲವಾಗಿದ್ದವನು. ಗುರುಗಳಿಗೋಸ್ಕರ ಮೋಟಾರು ಯಾಟ್, ಅಂದರೆ ಕೋಣೆಗಳಿರುವ ವಿಹಾರದ ದೋಣಿ, ಮಾಡಿಸಲು ಹೊರಟ. ಒಳಗೆ ಏನೇನು ಎಲ್ಲೆಲ್ಲಿರಬೇಕೆಂದು ಆರು ತಿಂಗಳಾದರೂ ತೀರ್ಮಾನವಾಗಲಿಲ್ಲ, ಪಾಪ! ಅಷ್ಟರಲ್ಲಿ ನಡೆಯಲು ಗುರುಗಳ ಕೈಗೆ ಕೋಲು ಬಂತು.

ಒಂದು ಬೆಳಿಗ್ಗೆ ವಾಮನ ಮೂರು ನಕ್ಷೆ ತಂದು ಹರಡಿದ.

“ನಲವತ್ತೈದು ಅಡಿ, ಗುರುಗಳೇ. ಹೊರಮೈ ಅಚ್ಚಿನಲ್ಲಿ ಎರಕ ಹೊಯ್ಯೋದು, ಬದಲಾಗಲ್ಲ. ಒಳಗಡೆ ನಾವು ಹೇಳಿದ ಹಾಗೆ. ದೋಣಿ ಕಟ್ಟುವವರಿಗೆ ಇವತ್ತು ಸಂಜೆಯೊಳಗೆ ಹೇಳದಿದ್ರೆ ಈ ವರ್ಷ ಆಗಲ್ಲವಂತೆ. ಮುಂದಿನ ವರ್ಷಕ್ಕೆ ನೀವು...”

ಅವನು ನಕ್ಷೆಯ ಅಂಚು ಮಡಚತೊಡಗಿದ.

“ಇರ್ತೀನೋ ಇಲ್ವೋ ಅಂತ ತಾನೆ?” ಗುರುಗಳು ನಕ್ಕರು. “ಕಾಗದ ನನಗೆ ಅರ್ಥವಾಗಲ್ಲ ಮಾರಾಯ. ಬಾ, ಮರಳಲ್ಲಿ ಬರಿ. ಅಳತೆ ಸರಿಯಾಗಿರಲಿ.”

ವಾಮನ ಹೆಜ್ಜೆಯಿಟ್ಟು ಅಳೆದು ಗೆರೆ ಎಳೆದ. ಅಡಿಗೆಮನೆ, ಬಚ್ಚಲು, ಚುಕ್ಕಾಣಿಯ ಜಾಗ.

“ಮುಂತುದಿಯಲ್ಲಿ ನಿಮ್ಮ ಕೋಣೆ. ಎಲ್ಲಕ್ಕಿಂತ ದೊಡ್ಡದು. ಮೆತ್ತನೆ ಹಾಸಿಗೆ, ಒಂದರ ಹಿಂದೊಂದು ಎರಡು ಬಾಗಿಲು. ಎಂಜಿನ್ ಸದ್ದೇ ಬರಲ್ಲ.”

“ನೀನೆಲ್ಲಿರ್ತಿ?”

“ಚುಕ್ಕಾಣಿ ಹತ್ತಿರ.”

“ಹೋಗಿ ನಿಲ್ಲು.”

ಗುರುಗಳು ತಮ್ಮ ಕೋಣೆಗೆ ಹೋಗಿ ಮರಳ ಮೇಲೆ ಕೂತರು.

“ವಾಮನಾ, ಅಗೋ ಬೆಳ್ಳಕ್ಕಿ ಹಿಂಡು!”

“ಎಲ್ಲಿ ಗುರುಗಳೇ?”

“ಥೂ ಕತ್ತೆ! ಎರಡು ಬಾಗಿಲು ಇಟ್ಟಿದ್ದೀಯಲ್ಲ, ನಿನಗೆ ಕೇಳಿಸಿದ್ದು ಹೇಗೆ?”

ವಾಮನ ಪೆಚ್ಚಾದ.

ಗುರುಗಳು ಮತ್ತೆ ಕರೆದರು. ಅವನು ತುಟಿ ಬಿಚ್ಚಲಿಲ್ಲ. ಮೂರನೇ ಸಲ ಕರೆದರು. ಓಗೊಡದೆ ನಿಲ್ಲುವುದು ಅವನಿಗೆ ಸಂಕಟವಾಯಿತು.

ಗುರುಗಳು ಕೋಲೂರಿ ಎದ್ದರು. ಕೋಣೆಯ ಗೆರೆಗಳನ್ನು ಕಾಲಿನಿಂದ ಅಳಿಸುತ್ತ ಬಂದು ಚುಕ್ಕಾಣಿಯ ಪಕ್ಕದಲ್ಲಿ ಕೂತರು.

“ಇಲ್ಲೊಂದು ಕುರ್ಚಿ ಹಾಕಿಸು. ಉಳಿದದ್ದು ನಿನಗೆ ಬೇಕಾದ ಹಾಗೆ ಮಾಡಿಸಿಕೋ.”

“ಆದರೆ ನಿಮ್ಮ ಮಂಡಿ... ಹಾಯಾಗಿ ಮಲಗಬೇಕು ಅನ್ನಿಸಿದರೆ?”

ಗುರುಗಳು ಅವನ ಕೈ ಹಿಡಿದು ಪಕ್ಕಕ್ಕೆ ಎಳೆದು ಕೂರಿಸಿಕೊಂಡರು.

“ಮಲಗೋಕೆ ಆಶ್ರಮ ಇದೆಯಲ್ಲೋ. ನಿನ್ನ ಜೊತೆ ಕೂತು ಕಡಲು ನೋಡೋಕೆ ಇನ್ನೆಲ್ಲಿದೆ ಜಾಗ?”