ಒಂದೇ ಕಂಬಳಿಯಲ್ಲಿ ಬಂದ ಇಬ್ಬರು

ಮಠ ಸೇರುವ ಮುನ್ನ ಕಾಲೇಜಿನಲ್ಲಿ ಜೀವಶಾಸ್ತ್ರ ಕಲಿಸುತ್ತಿದ್ದ ಅನ್ನದಾನಿ ಒಂದು ಬೆಳಿಗ್ಗೆ ಗುರುಗಳನ್ನು ಕೇಳಿದ:

“ಅಜ್ಜಾರ, ನಮ್ಮ ಮೈಯ ಜೀವಕೋಶಗಳೊಳಗೆ ವಂಶವಾಹಿಗಳಿವೆ. ಯಾವುದು ಯಾವಾಗ ಕೆಲಸ ಮಾಡಬೇಕೆಂಬ ಸುದ್ದಿ ಹೊರಗಿನಿಂದ ಹಲವು ದಾರಿಗಳಲ್ಲಿ ಬರುತ್ತದೆ. ಆ ದಾರಿಗಳು ನಡುವೆ ಒಂದನ್ನೊಂದು ಕೂಡುತ್ತವೆ. ಕೂಡಿದ ಮೇಲೆ ಸುದ್ದಿ ಕೆಡುವುದಿಲ್ಲವೇ? ಕೋಶ ಅದನ್ನು ಹೇಗೆ ನಂಬುತ್ತದೆ?”

ನಿನಗೆ ನಾಲ್ಕು ಜನ ಕೂಡಿದರೇ ಅನುಮಾನ ಎಂದರು ಗುರುಗಳು. ಕತೆ ಹೇಳುತ್ತೇನೆ, ನಡುವೆ ಬಾಯಿ ಹಾಕಬೇಡ ಎಂದರು.

ಒಂದು ಊರು. ಇಡೀ ಊರಿನ ಬಿತ್ತನೆ ಜೋಳ ಒಂದೇ ಹಗೇವಿನಲ್ಲಿತ್ತು. ಹಗೇವು ಎಂದರೆ ನೆಲದೊಳಗಿನ ಕಣಜ. ಬಾಯಿಗೆ ಕಲ್ಲು ಮುಚ್ಚಿ ಮಣ್ಣು ಮೆತ್ತಿರುತ್ತಾರೆ. ಒಮ್ಮೆ ತೆರೆದರೆ ಆ ವರ್ಷ ಮತ್ತೆ ಮುಚ್ಚುವಂತಿಲ್ಲ, ಹುಳ ಬೀಳುತ್ತದೆ. ಅದಕ್ಕೊಬ್ಬ ಕಾವಲುಗಾರನಿದ್ದ, ಅವನಿಗೊಂದು ಕಟ್ಟಳೆಯಿತ್ತು. ಕೆರೆಗೆ ನೀರು ಬಂತೆಂದು ಕೆರೆ ನೋಡಿಕೊಳ್ಳುವ ನೀರಗಂಟಿ ಕೆರೆ ಏರಿಯ ದಾರಿಯಲ್ಲಿ ಬಂದು ಹೇಳಬೇಕು. ಗುಡ್ಡದ ಹೊಲಗಳಲ್ಲಿ ಮೊಳದಾಳ ಹಸಿ ಇಳಿಯಿತೆಂದು ಕುರಿಗಾಹಿ ಹಳ್ಳ ದಾಟಿ ಬಂದು ಹೇಳಬೇಕು. ಒಬ್ಬನೇ ಬಂದರೆ ಕಲ್ಲು ಏಳುವುದಿಲ್ಲ. ಇಬ್ಬರೂ ಮೊದಲೇ ಮಾತಾಡಿಕೊಂಡಿರಲೂಬಾರದು.

ಕಾವಲುಗಾರ ಒಳ್ಳೆಯವನೇ. ಆದರೆ ಬೆಕ್ಕು ಅಡ್ಡ ಬಂದರೂ ಇದನ್ನು ಯಾರು ಬಿಟ್ಟರು ಎಂದು ಕೇಳುವ ಮನುಷ್ಯ.

ಆ ವರ್ಷ ಮಳೆ ಚೆನ್ನಾಗಿ ಹಿಡಿಯಿತು. ಐದನೆಯ ದಿನ ಇಬ್ಬರೂ ಬಂದರು, ಒಂದೇ ದಾರಿಯಲ್ಲಿ, ಒಂದೇ ಕಂಬಳಿ ಹೊದ್ದುಕೊಂಡು. ಒಬ್ಬ ಕೆರೆ ತುಂಬಿತು ಎಂದ, ಇನ್ನೊಬ್ಬ ಹಸಿ ಇಳಿಯಿತು ಎಂದ. ಕಾವಲುಗಾರನ ಕಣ್ಣು ಕಂಬಳಿಯ ಮೇಲೆಯೇ ಇತ್ತು. ಹಳ್ಳ ತುಂಬಿ ಹರಿಯುತ್ತಿದೆ, ದಾಟಲಾಗಲಿಲ್ಲ, ಅದಕ್ಕೇ ಏರಿಯ ಮೇಲೆ ಬಳಸಿ ಬಂದೆ ಎಂದು ಕುರಿಗಾಹಿ ಹೇಳಿದ. ಇದು ಬಾಯಿಪಾಠ ಮಾಡಿಕೊಂಡು ಬಂದ ಮಾತು ಎಂದುಕೊಂಡ ಕಾವಲುಗಾರ. ನೀರಗಂಟಿ ಆಣೆ ಇಟ್ಟ. ಆಣೆ ಇಟ್ಟದ್ದರಿಂದ ಅನುಮಾನ ಇನ್ನೂ ಗಟ್ಟಿಯಾಯಿತು.

ಮರುದಿನದಿಂದ ಬಿಸಿಲು ಬಿತ್ತು. ಮೂರನೆಯ ದಿನಕ್ಕೆ ನೆಲ ಹದವಾಯಿತು. ಒಬ್ಬ ರೈತ ಬಿತ್ತುವ ಕೂರಿಗೆ ಹೂಡಿಕೊಂಡೇ ಬಂದು ನಿಂತ. ಅವನ ಬೀಜವೂ ಒಳಗಿತ್ತು. ಮನೆಯವರ ವರ್ಷದ ಊಟವೆಲ್ಲ ಅದರ ಬೆಳೆಯೇ.

“ಅಣ್ಣಾ, ಹಳ್ಳ ಇಲ್ಲೇ ಕೂಗಳತೆಯಲ್ಲಿದೆ, ಇನ್ನೂ ತುಂಬಿಯೇ ಹರಿಯುತ್ತಿದೆ. ಯಾರ ಮಾತೂ ಬೇಡ, ನೀನೇ ಹೋಗಿ ನೋಡಿ ಬಾ,” ಎಂದ.

“ನಾನು ಅತ್ತ ಹೋದಾಗ ಇತ್ತ ಕಲ್ಲು ಎತ್ತು ಎಂದು ನಿನ್ನನ್ನು ಕಳಿಸಿದವರು ಯಾರು?” ಎಂದ ಕಾವಲುಗಾರ.

ಕಲ್ಲಿನ ಮೇಲಿಂದ ಏಳಲೇ ಇಲ್ಲ. ಕಟ್ಟಳೆಗೆ ಹೆದರಿ ಊರೂ ಅವನನ್ನು ಎಬ್ಬಿಸಲಿಲ್ಲ. ಹಳ್ಳ ಇಳಿದ ಮೇಲೆ ಕುರಿಗಾಹಿ ಮತ್ತೆ ಬಂದ, ಒಬ್ಬನೇ, ತನ್ನ ದಾರಿಯಲ್ಲೇ. ಹೊಲಗಳಲ್ಲಿ ಹಸಿ ಆರಿಹೋಯಿತು ಎಂದ. ಈ ಸಲ ಕಾವಲುಗಾರ ನಂಬಿದ.

ಬಿತ್ತನೆಯ ಕಾಲ ಕಳೆದ ಮೇಲೆ ಹಗೇವು ತೆರೆದು ಜೋಳವನ್ನು ಊಟಕ್ಕೇ ಹಂಚಿದರು. ಆ ವರ್ಷ ರೈತನ ಹೆಂಡತಿ ಬಿತ್ತಬೇಕಿದ್ದ ಜೋಳವನ್ನೇ ಬೀಸಿ ರೊಟ್ಟಿ ಬಡಿದಳು. ಬಡಿಯುತ್ತಾ ಅತ್ತಳು.

ಅನ್ನದಾನಿ ತಡೆಯಲಾರದೆ ಬಾಯಿ ಹಾಕಿದ. ಇಬ್ಬರ ದಾರಿ ಕೂಡಿದ್ದೇ ಮೂರನೆಯ ಸುದ್ದಿಯಾಗಿತ್ತು, ಹಳ್ಳ ತುಂಬಿದ್ದನ್ನು ಅದೇ ಹೇಳುತ್ತಿತ್ತು ಎಂದ. ಕೋಶವಾದರೆ ಅದನ್ನೂ ಲೆಕ್ಕಕ್ಕೆ ತೆಗೆದುಕೊಳ್ಳುತ್ತಿತ್ತು ಎಂದ. ಹಾಗಾದರೆ ಕಾವಲುಗಾರ ಅನುಮಾನ ಪಟ್ಟದ್ದೇ ತಪ್ಪೇ ಎಂದು ಕೇಳಿದ.

“ಅನುಮಾನ ತಪ್ಪಲ್ಲ,” ಎಂದರು ಗುರುಗಳು. “ತೆರೆಯಲು ಇಬ್ಬರ ಸಾಕ್ಷಿ ಕೇಳಿದವನು, ಮುಚ್ಚಿಡಲು ತನ್ನೊಬ್ಬನ ಅನುಮಾನ ಸಾಕೆಂದುಕೊಂಡ.”